ಮೈಗೆ ಹತ್ತದ ಊಟ

ಎಡಗಾಲಪ್ಪ ತನ್ನ ಜೀವಮಾನದಲ್ಲಿ ಒಂದೇ ಒಂದು ಬಲಗಾಲಿನ ಬೂಟು ಹೊಲಿದವನಲ್ಲ. ಹಾಗಂತ ಊರಿನವರೆಲ್ಲ ಒಂಟಿ ಬೂಟಿನಲ್ಲಿ ಕುಂಟುತ್ತಿದ್ದರು ಅಂದುಕೊಳ್ಳಬೇಡಿ. ಅವನು ಹೊಲಿಯುತ್ತಿದ್ದದ್ದೆಲ್ಲ ಎಡಗಾಲಿನದು. ಅದರಲ್ಲಿ ಅರ್ಧದಷ್ಟನ್ನು ಹೊರಳಿಗೆ ಹಾಕಿ ಬಲಗಾಲಿನದು ಮಾಡಿಕೊಳ್ಳುತ್ತಿದ್ದ. ಆ ಊರಿನ ಬೂಟಿನವರೆಲ್ಲ ಮಾಡುವುದೇ ಹಾಗೆ. ಎರಡೆರಡು ಅಚ್ಚು ಕಡೆದು, ಎರಡು ಥರ ಚರ್ಮ ಕತ್ತರಿಸಿ ಒದ್ದಾಡುವ ಗ್ರಹಚಾರ ನಮ್ಮಂಥವರಿಗೆ, ಅವರಿಗಲ್ಲ.

ನಮಗಿರುವುದು ಮೇಲೆ ಕೆಳಗೆ, ಹಿಂದೆ ಮುಂದೆ, ಎಡ ಬಲ. ಅವರಿಗೆ ಇವಿಷ್ಟರ ಜೊತೆಗೆ ಇನ್ನೆರಡು ದಿಕ್ಕು ಉಂಟು: ಆಚು ಮತ್ತು ಈಚು. ಅದು ಎತ್ತ ಕಡೆ ಅಂತ ಕೈ ತೋರಿಸು ಎಂದರೆ ನನ್ನಿಂದಾಗದು, ನಿಮ್ಮಿಂದಲೂ ಆಗದು. ಆದರೆ ಕಾಗದದಲ್ಲಿ ಒಂದು ಎಡಗೈ ಕತ್ತರಿಸಿ ಮೇಜಿನ ಮೇಲಿಟ್ಟು ನೋಡಿ. ಎಷ್ಟು ಸರಿಸಾಡಿದರೂ ಅದು ಎಡಗೈಯೇ. ಎತ್ತಿ ಮಗುಚಿ ಹಾಕಿದಿರೋ, ಬಲಗೈ. ಬೂಟನ್ನೂ ಅದೇ ರೀತಿ ಆಚಿನತ್ತ ಎತ್ತಿ ಮಗುಚಿದರೆ ಎಡ ಹೋಗಿ ಬಲ ಬರುತ್ತದೆ. ಇಷ್ಟೇ ವಿದ್ಯೆ. ಇದಕ್ಕೆಂದೇ ಕಾರ್ಖಾನೆಯ ಹಿಂದಿನ ಕೋಣೆಯಲ್ಲಿ ಒಂದು ಹೊರಳು ಇರುತ್ತದೆ. ನೋಡಲಿಕ್ಕೆ ಕಬ್ಬಿಣದ ತೊಟ್ಟಿಲು, ಪಕ್ಕದಲ್ಲೊಂದು ಹಿಡಿ. ಬೂಟನ್ನು ತೊಟ್ಟಿಲಿಗೆ ಹಾಕಿ ಹಿಡಿ ತಳ್ಳಿದರೆ ತೊಟ್ಟಿಲು ಕಣ್ಣೆದುರೇ ಮಾಯವಾಗುತ್ತದೆ, ಅರ್ಧ ಸುತ್ತು ಹೊರಳಿ ವಾಪಸು ಬರುತ್ತದೆ. ಪೂರ್ತಿ ಸುತ್ತು ಹೊರಳಿದರೆ ಹೋದದ್ದು ಹೋದ ಹಾಗೇ ಬರುತ್ತದೆ.

ಎರಡು ದಿಕ್ಕು ಹೆಚ್ಚಿಗೆ ಸಿಕ್ಕಿತೆಂದು ಹೊಟ್ಟೆ ಉರಿದುಕೊಳ್ಳುವಂಥದ್ದೇನೂ ಇಲ್ಲ. ಅಲ್ಲಿ ಗಂಟು ನಿಲ್ಲುವುದಿಲ್ಲ. ದಾರ ಆಚಿನಿಂದ ನುಸುಳಿ ತಾನೇ ಬಿಚ್ಚಿಕೊಳ್ಳುತ್ತದೆ. ಹಾಗಾಗಿ ಬೂಟಿಗೆ ಲಾಡಿಯಿಲ್ಲ, ಬರೀ ಬಕಲು. ಪೆಟ್ಟಿಗೆಗೆ ಬೀಗ ಹಾಕಿದರೆ, ಕೈಚಳಕ ಇದ್ದವನು ಮುಚ್ಚಳ ತೆರೆಯದೆಯೇ ಒಳಗಿನದನ್ನು ಎತ್ತಿಕೊಂಡು ಹೋಗುತ್ತಾನೆ. ಮನೆಗಳು ಎಂಟೆಂಟು ಕೋಣೆಯವು. ಒಂದೊಂದು ಕೋಣೆಗೆ ನಾಲ್ಕು ಗೋಡೆಯಲ್ಲಿ ನಾಲ್ಕು, ನೆಲದಲ್ಲೊಂದು, ಸೂರಿನಲ್ಲೊಂದು, ಹೀಗೆ ಆರು ಬಾಗಿಲು. ಯಾವ ಬಾಗಿಲು ಹಿಡಿದು ನೆಟ್ಟಗೆ ನಡೆದರೂ ನಾಲ್ಕನೆಯ ಬಾಗಿಲು ದಾಟಿದ ಮೇಲೆ ಹೊರಟ ಕೋಣೆಗೇ ಬಂದು ಬೀಳುತ್ತೀರಿ. ಜಗಳವಾಡಿ ಬಾಗಿಲು ದಡಾರನೆ ಹಾಕಿಕೊಂಡು ಹೊರಟ ಗಂಡ ಎದುರು ಬಾಗಿಲಿನಿಂದ ಪೆಚ್ಚುಮೋರೆ ಹಾಕಿಕೊಂಡು ಬರುವುದು ಅಲ್ಲಿ ದಿನನಿತ್ಯದ ತಮಾಷೆ.

ಇಂಥ ಊರಿನಲ್ಲಿ ಗುಟ್ಟು ಇಟ್ಟುಕೊಂಡು ಬಾಳುವುದು ಸಣ್ಣ ಮಾತಲ್ಲ. ಎಡಗಾಲಪ್ಪ ಇಟ್ಟುಕೊಂಡಿದ್ದ.

ಊರಿಗೆ ಅವನು ಬೂಟಿನವ ಎನ್ನುವುದಕ್ಕಿಂತ ಹೆಚ್ಚಾಗಿ 'ಚಿನ್ನದಂಥ ಅಪ್ಪ'. ಬೆಳಗಾಗೆದ್ದು ಮಗಳಿಗೆ ತಾನೇ ಅಡುಗೆ ಮಾಡುತ್ತಿದ್ದ. ಅದನ್ನು ಡಬ್ಬಿಗೆ ತುಂಬಿಕೊಂಡು ಕಾರ್ಖಾನೆಗೆ ಒಯ್ಯುತ್ತಿದ್ದ, ಮಧ್ಯಾಹ್ನ ಅದೇ ಡಬ್ಬಿ ಹೊತ್ತುಕೊಂಡು ಮನೆಗೆ ಬಂದು ಮಗಳಿಗೆ ಬಡಿಸಿ ಮತ್ತೆ ಕೆಲಸಕ್ಕೆ ಓಡುತ್ತಿದ್ದ. ಮಳೆ ಬರಲಿ, ಜ್ವರ ಬರಲಿ, ತಪ್ಪಿಸಿದವನಲ್ಲ. ಬೀದಿಯ ಹೆಂಗಸರು ತಮ್ಮ ತಮ್ಮ ಗಂಡಂದಿರನ್ನು ತಿವಿಯಲು ಅವನನ್ನೇ ಬಳಸುತ್ತಿದ್ದರು. "ನೋಡಿ, ಅವರನ್ನ ನೋಡಿ ಕಲೀರಿ. ನೀವು ಒಂದು ಲೋಟ ನೀರು ತಗೊಂಡು ಕುಡಿಯೋಕೂ ನನ್ನ ಕೂಗ್ತೀರಿ" ಎಂದು ಪಕ್ಕದ ಮನೆಯ ಗಡಿಯಾರದವನ ಹೆಂಡತಿ ಅವನಿಗೆ ಕೇಳುವಂತೆಯೇ ಹೇಳುತ್ತಿದ್ದಳು. ಎಡಗಾಲಪ್ಪ ತಲೆ ತಗ್ಗಿಸಿ ಬಿರಬಿರನೆ ನಡೆದುಬಿಡುತ್ತಿದ್ದ. ಎಂಥ ಸಂಕೋಚದ ಮನುಷ್ಯ ಎಂದು ಅದಕ್ಕೂ ಹೊಗಳಿಕೆ ಸಿಗುತ್ತಿತ್ತು.

ಅವನ ಹೆಂಡತಿ ಬಂದರಿನ ಊಟದ ಮನೆಯಲ್ಲಿ ಅಡುಗೆಯವಳು. ಸಾಮಾನ್ಯ ಅಡುಗೆಯವಳಲ್ಲ, ಅವಳ ಕೈಗೆ ರುಚಿ ಒಲಿದಿತ್ತು. ದೋಣಿಯವರು ಊರು ಮುಟ್ಟುವ ಮೊದಲೇ ಇವತ್ತು ಒಲೆ ಮುಂದೆ ಯಾರಿದ್ದಾರೆ ಎಂದು ಕೇಳಿಸಿಕೊಂಡು ಬರುತ್ತಿದ್ದರು. ಬಡಕಲು ಹುಡುಗರು ಅವಳ ಕೈಯೂಟ ಉಂಡು ಒಂದು ವರ್ಷದಲ್ಲಿ ಕೊಬ್ಬಿದ ಹೋರಿಗಳಾಗುತ್ತಿದ್ದರು. ಅಷ್ಟು ಜನಕ್ಕೆ ಉಣ್ಣಿಸುವ ಆ ಕೈ ತನ್ನ ಮಗಳಿಗೆ ಮಾತ್ರ ಒಂದು ತುತ್ತು ಕೊಡುತ್ತಿರಲಿಲ್ಲ. ಕೊಟ್ಟರೆ ಮಗಳಿಗೆ ಆಗಿಬರುವುದಿಲ್ಲ ಎಂಬುದು ಮನೆಗೂ ಗೊತ್ತು, ಬೀದಿಗೂ ಗೊತ್ತು. ಮನೆಯಲ್ಲಿ ಎರಡು ಒಲೆ. ಒಂದರಲ್ಲಿ ಅವಳು ತನಗೂ ಗಂಡನಿಗೂ ಬೇಯಿಸುತ್ತಿದ್ದಳು, ಇನ್ನೊಂದು ಗಂಡನದು. ಅವನು ಮಗಳಿಗೆ ಬಡಿಸುವಾಗ ಅವಳು ಕಿಟಕಿಯ ಹತ್ತಿರ ಕೂತು ಸೀರೆಯ ಸೆರಗಿಗೆ ಕೈ ಒರೆಸುತ್ತ ನೋಡುತ್ತಿದ್ದಳು. ಆ ಕೈಯಲ್ಲಿ ಏನೂ ಅಂಟಿರುತ್ತಿರಲಿಲ್ಲ. ಎಡಗಾಲಪ್ಪ ಅದನ್ನು ಪ್ರತಿದಿನ ನೋಡುತ್ತಿದ್ದ, ನೋಡಿ ಬಡಿಸುತ್ತಿದ್ದ.

ನಡೆದದ್ದು ಇಷ್ಟು. ಮಗಳು ಆಗಿನ್ನೂ ಅಂಗಾತ ಮಲಗಿ ಕಾಲು ಬಡಿಯುವ ಕೂಸು. ಹೆಂಡತಿ ರಾತ್ರಿಯೆಲ್ಲ ನಿದ್ದೆಗೆಟ್ಟು ಸೋತಿದ್ದಳು. "ನೀನು ಸ್ವಲ್ಪ ಮಲ್ಕೋ, ನಾನು ನೋಡ್ಕೋತೀನಿ" ಎಂದು ಎಡಗಾಲಪ್ಪ ಕೂಸನ್ನು ಕಾರ್ಖಾನೆಗೆ ಎತ್ತಿಕೊಂಡು ಹೋದ. ಒಳ್ಳೆಯ ಬುದ್ಧಿಯಿಂದಲೇ ಹೋದ. ಅದನ್ನು ನಾನು ಅಲ್ಲಗಳೆಯುವುದಿಲ್ಲ. ಊಟದ ಹೊತ್ತಿಗೆ ಮಿಕ್ಕವರೆಲ್ಲ ಹೊರಗೆ ಹೋದರು. ಕೂಸು ರಚ್ಚೆ ಹಿಡಿಯಿತು. ಹಾಡಿದ, ಕುಣಿದ, ಬೂಟಿನ ಬಕಲು ಅಲ್ಲಾಡಿಸಿದ, ಯಾವುದಕ್ಕೂ ಜಗ್ಗಲಿಲ್ಲ. ಕೊನೆಗೆ ಹೊರಳಿನ ತೊಟ್ಟಿಲಲ್ಲಿ ಮಲಗಿಸಿ ಆಚಿನತ್ತ ಒಂದು ಚೂರು ತಳ್ಳಿದ, ಎಳೆದುಕೊಂಡ. ಕೂಸು ಮಾಯ, ಕೂಸು ಹಾಜರು. ಅಳು ನಿಂತು ಕಿಲಕಿಲ ಶುರುವಾಯಿತು. ಮಗು ನಗುತ್ತದೆಂದರೆ ಯಾವ ಅಪ್ಪನ ಬುದ್ಧಿ ನೆಟ್ಟಗಿರುತ್ತದೆ? ಮತ್ತೆ ತಳ್ಳಿದ, ಇನ್ನಷ್ಟು ಜೋರಾಗಿ ತಳ್ಳಿದ. ಒಂದು ಸಲ ಹಿಡಿ ಕೈಜಾರಿ ತೊಟ್ಟಿಲು ಗಿರಕ್ಕನೆ ಹೊರಳಿತು. ಕೂಸು ನಗುನಗುತ್ತಲೇ ವಾಪಸು ಬಂತು. ಪೂರ್ತಿ ಸುತ್ತು ಬಂತು ಎಂದು ಅವನು ಅಂದುಕೊಂಡ. ಅಂದುಕೊಳ್ಳುವುದು ಬೇಕಾಗಿತ್ತು, ಅಂದುಕೊಂಡ. ಬದುಕಿರುವ ಯಾವುದನ್ನೂ ಹೊರಳಿಗೆ ಹಾಕಬಾರದು ಎಂಬುದು ಆ ಕಸುಬಿನವರಿಗೆ ಮೊದಲ ದಿನವೇ ಕಲಿಸುವ ನಿಯಮ. ಹಾಕಿದವನ ಕೈ ಮತ್ತೆ ಹಿಡಿ ಮುಟ್ಟುವ ಹಾಗಿಲ್ಲ.

ಸಾಯಂಕಾಲ ಕೂಸಿನ ಅಂಗಿ ಬದಲಿಸುತ್ತ ಹೆಂಡತಿ, "ಇದರ ಗುಂಡಿ ಬಲಗಡೆ ಇತ್ತಲ್ವಾ?" ಎಂದಳು. 

"ತಿರುಗಿಸಿ ಹಾಕಿರ್ಬೇಕು ನೀನು" ಎಂದ ಎಡಗಾಲಪ್ಪ. ಅವನ ಮೊದಲ ಸುಳ್ಳು ಅದು.

ಅವಳು ಕೂಸಿನ ಮುಖವನ್ನೇ ನೋಡುತ್ತ ಕೂತಳು. "ರೀ, ಯಾಕೋ ಮಗು ಮುಖ ಬೇರೆ ಥರ ಕಾಣ್ತಿದೆ."

ಒಳಗಿನಿಂದ ಅವನ ಅಮ್ಮ ಗದರಿದಳು: "ಹೆತ್ತ ತಾಯಿ ಆಡೋ ಮಾತಾ ಅದು? ನಿದ್ದೆ ಇಲ್ದೆ ನಿನಗೆ ತಲೆ ಕೆಟ್ಟಿದೆ. ಸುಮ್ನೆ ಹಾಲು ಕೊಡು." ಸೊಸೆ ಕೂಸನ್ನು ಎದೆಗೆ ತೆಗೆದುಕೊಂಡಳು. ಇಡೀ ಮನೆಯಲ್ಲಿ ನಿಜ ಕಂಡವಳು ಅವಳೊಬ್ಬಳೇ, ಬೈಸಿಕೊಂಡವಳೂ ಅವಳೇ.

ಎಡ ಬಲವಾಯಿತು, ಅದಕ್ಕೇನೀಗ ಎಂದು ಎಡಗಾಲಪ್ಪ ತನಗೆ ತಾನೇ ಸಮಾಧಾನ ಹೇಳಿಕೊಂಡ. ಎಡಚರು ಲೋಕದಲ್ಲಿ ಇಲ್ಲವೇ? ಎಡಗೈಯಲ್ಲಿ ತಿಂದರೂ ಹೊಟ್ಟೆ ತುಂಬುತ್ತದೆ ತಾನೇ? ಆದರೆ ಹೊಟ್ಟೆ ತುಂಬಲಿಲ್ಲ. ಕೂಸು ಹಾಲು ಕುಡಿಯುತ್ತಿತ್ತು, ಮುಖ ಕಿವುಚುತ್ತಿತ್ತು, ಕಕ್ಕುತ್ತಿತ್ತು, ಮತ್ತೆ ಹಸಿದು ಅಳುತ್ತಿತ್ತು. ವಾರ ಕಳೆಯುವುದರೊಳಗೆ ಕೆನ್ನೆ ಇಳಿಯಿತು, ತೊಡೆಯ ಚರ್ಮ ಜೋಲಿತು. ಡಾಕ್ಟರಮ್ಮನನ್ನು ಕರೆಸಿದರು.

ಆ ಊರಿನ ಡಾಕ್ಟರಮ್ಮ ಕೊಯ್ಯುವವಳಲ್ಲ, ಕುಟ್ಟಿ ನೋಡುವವಳಲ್ಲ; ಪಕ್ಕಕ್ಕೆ ಬಾಗಿ ನೇರ ಮೈಯೊಳಗನ್ನೇ ನೋಡುವವಳು. ಆಚಿನಿಂದ ಬಾಗಿದರೆ ಎಡ ಎಡವಾಗಿಯೇ ಕಾಣುತ್ತದೆ. ಈಚಿನಿಂದ ಬಾಗಿದರೆ, ಗಾಜಿನ ಮೇಲಿನ ಬರಹವನ್ನು ಹಿಂದಿನಿಂದ ಓದಿದಂತೆ, ಎಡ ಬಲವಾಗಿ ಕಾಣುತ್ತದೆ. ಅವಸರದಲ್ಲಿ ಎತ್ತಲಿಂದ ಬಾಗಿದೆ ಎಂಬುದು ಡಾಕ್ಟರುಗಳಿಗೇ ಮರೆತುಹೋಗುತ್ತದೆ, ಪಕ್ಕದವರನ್ನು ಕೇಳುತ್ತಾರೆ.

"ಗುಂಡಿಗೆ ಬಲಗಡೆ ಕಾಣ್ತಿದೆಯಲ್ಲಾ" ಎಂದಳು ಡಾಕ್ಟರಮ್ಮ. "ನಾನು ಆಚಿಂದ ಬಾಗಿದ್ನೋ, ಈಚಿಂದಾನೋ?"

ಕೋಣೆಯಲ್ಲಿ ಹೆಂಡತಿ ಇದ್ದಳು, ಅಮ್ಮ ಇದ್ದಳು. ಇಬ್ಬರಿಗೂ ಆಚು ಈಚು ಗುರುತಿಸುವಷ್ಟು ಕಣ್ಣು ಪಳಗಿರಲಿಲ್ಲ. ಪಳಗಿದ ಕಣ್ಣಿದ್ದವನು ಹೊರಳು ತಿರುಗಿಸುವವನೊಬ್ಬನೇ. ಅವಳು ಆಚಿನಿಂದ ಬಾಗಿದ್ದನ್ನು ಅವನು ಕಣ್ಣಾರೆ ಕಂಡಿದ್ದ.

"ಈಚಿಂದ ಬಾಗಿದ್ರಿ, ಡಾಕ್ಟರಮ್ಮ" ಎಂದ.

"ಹಾಗಾದ್ರೆ ಸರಿ ಬಿಡಿ. ಹೊಟ್ಟೆ, ಕರುಳು ಎಲ್ಲ ನೆಟ್ಟಗಿದೆ. ಮಗೂದೇನೂ ತೊಂದರೆ ಇಲ್ಲ." ಅವಳು ತಾಯಿಯತ್ತ ತಿರುಗಿದಳು. "ನಿಮ್ಮ ಹಾಲೇ ಹಿಡಿಸ್ತಿಲ್ಲ ಅನ್ಸುತ್ತೆ ಕಣಮ್ಮ. ಕೆಲವರದ್ದು ಹಾಗೇ ಇರುತ್ತೆ."

ಆಗ ಅವನಿಗೆ ಕಸುಬಿನ ಇನ್ನೊಂದು ಮಾತು ನೆನಪಾಯಿತು. ಊಟದ ಡಬ್ಬಿಯನ್ನು ಹೊರಳಿನ ಹತ್ತಿರ ಇಡಬೇಡಿ ಎಂದು ಹಳಬರು ಹೇಳುತ್ತಿದ್ದರು. ಹೊರಳಿದ ಊಟ ಹೊಟ್ಟೆಗೆ ಇಳಿಯುತ್ತದೆ, ಮೈಗೆ ಹತ್ತುವುದಿಲ್ಲ. ನೀರಿಗೆ, ಉಪ್ಪಿಗೆ ಎಡಬಲವಿಲ್ಲ. ಹಾಲಿಗೆ, ಕಾಳಿಗೆ, ಸಕ್ಕರೆಗೆ ಉಂಟು. ಹೊರಳಿದ ಊಟ ನೆಟ್ಟಗಿರುವವನಿಗೆ ಹತ್ತದಿದ್ದರೆ, ನೆಟ್ಟಗಿರುವ ಊಟ ಹೊರಳಿದವಳಿಗೆ ಹೇಗೆ ಹತ್ತೀತು? ಮರುದಿನ ಹಾಲಿನವಳ ಹತ್ತಿರ ಹಾಲು ತೆಗೆದುಕೊಂಡು ಬಾಟಲಿಗೆ ಹಾಕಿ ಹೊರಳಿನಲ್ಲಿ ಅರ್ಧ ಸುತ್ತು ತಿರುಗಿಸಿ ತಂದ. ಗೆಳೆಯನೊಬ್ಬನ ಮೇಕೆಯ ಹಾಲು, ಬಹಳ ತಂಪು ಅಂತೆ ಎಂದ. ಕೂಸು ಗಟಗಟನೆ ಕುಡಿದು ತೇಗಿ ಮಲಗಿತು. ಮನೆಯವರೆಲ್ಲ ನಿಟ್ಟುಸಿರು ಬಿಟ್ಟರು. ಅಮ್ಮ ಸೊಸೆಯತ್ತ ಒಂದು ನೋಟ ಬಿಸಾಕಿದಳು.

ಅವತ್ತೇ ಕೂಸನ್ನು ಇನ್ನೊಂದು ಅರ್ಧ ಸುತ್ತು ತಿರುಗಿಸಿದ್ದರೆ ಮುಗಿದುಹೋಗುತ್ತಿತ್ತು. ತಿರುಗಿಸಲು ಎತ್ತಿಕೊಂಡು ಹೋದದ್ದೂ ಉಂಟು. ಆದರೆ ರಾಶಿ ರಾಶಿ ಬೂಟು ಹೊರಳುವಾಗ ಆಗೊಮ್ಮೆ ಈಗೊಮ್ಮೆ ಒಂದು ಬೂಟು ತೊಟ್ಟಿಲಿನಿಂದ ಆಚಿಗೆ ಜಾರಿ ಬೀಳುತ್ತದೆ, ಬಿದ್ದದ್ದು ಮತ್ತೆ ಕೈಗೆ ಸಿಗುವುದಿಲ್ಲ. ಆಟಕ್ಕೆಂದು ತಳ್ಳುವಾಗ ನೆನಪಾಗದ ಸಂಗತಿ ಬೇಕೆಂದು ತಳ್ಳುವಾಗ ನೆನಪಾಯಿತು. ತೊಟ್ಟಿಲಲ್ಲಿ ಮಲಗಿ ಕೂಸು ಇನ್ನೊಮ್ಮೆ ಆಟವೆಂದು ನಕ್ಕಿತು. ಅವನು ಹಿಡಿ ಬಿಟ್ಟ. ಎತ್ತಿಕೊಂಡು ಮನೆಗೆ ಬಂದುಬಿಟ್ಟ. ಕೂಸು ಕೈತಪ್ಪೀತೆಂಬ ಭಯವೋ, ಹೊರಳುಗಳನ್ನು ನೋಡಿಕೊಳ್ಳುವ ಹಿರಿಯರಿಗೆ ತಿಳಿದು ಕೆಲಸ ಹೋದೀತೆಂಬ ಭಯವೋ, ಯಾವುದು ಹೆಚ್ಚೆಂದು ಅವನು ಯಾವತ್ತೂ ಅಳೆದು ನೋಡಲಿಲ್ಲ. ಅಳೆದರೆ ಏನು ಸಿಗುತ್ತದೋ ಎಂದು ಹೆದರಿದ. ನಾಳೆ ಹೇಳೋಣ, ಮಗು ಸ್ವಲ್ಪ ಸುಧಾರಿಸಲಿ, ಅಮ್ಮನ ಕಾಯಿಲೆ ವಾಸಿಯಾಗಲಿ ಎಂದು ಮುಂದೂಡುತ್ತ ಮುಂದೂಡುತ್ತ ಮಗಳು ಆ ತೊಟ್ಟಿಲಿಗೆ ಹಿಡಿಸದಷ್ಟು ಬೆಳೆದಳು. ಇನ್ನು ತಿರುಗಿಸಬೇಕೆಂದರೆ ಬಂದರಿನ ದೊಡ್ಡ ಹೊರಳೇ ಆಗಬೇಕು, ಅದಕ್ಕೆ ಹಿರಿಯರ ಮುಂದೆ ನಿಂತು ಬಾಯಿ ಬಿಡಬೇಕು.

ಬಿಡಲಿಲ್ಲ. ಅಮ್ಮ ತೀರಿಕೊಂಡಳು, ಸೊಸೆಯ ಹಾಲನ್ನು ದೂರುತ್ತಲೇ ತೀರಿಕೊಂಡಳು. ಆಗಲೂ ಬಿಡಲಿಲ್ಲ.

ಮಗಳನ್ನು ಎಲ್ಲರೂ ಎಡಚಿ ಎಂದೇ ಕರೆಯುತ್ತಿದ್ದರು. ಎಡಚಿಗೆ ಆ ಹೆಸರಿನ ಬಗ್ಗೆ ಬೇಸರವಿರಲಿಲ್ಲ, ಯಾವುದರ ಬಗ್ಗೆಯೂ ಬೇಸರವಿರಲಿಲ್ಲ, ಬಾಯಿಬಡುಕಿ, ಗಟ್ಟಿಗಿತ್ತಿ. ಹುಟ್ಟಿದಾಗಿನಿಂದ ಹಾಗೇ ಕಂಡ ಲೋಕ ಅವಳಿಗೆ ನೆಟ್ಟಗೇ ಇತ್ತು. ಒಂದು ಸಲ ಚಿಕ್ಕಮ್ಮನ ಮನೆಗೆ ಹೋಗಿ ಸ್ವಲ್ಪ ದಿನ ಇದ್ದವಳು ಕಡ್ಡಿಯಾಗಿ ಬಂದಳು. ತಂಗಿಯ ಅಡುಗೆಯೂ ನನ್ನ ಅಡುಗೆಯ ಹಾಗೇ, ನಮ್ಮ ತವರಿನ ಕೈಯೇ ಕೆಟ್ಟದ್ದು ಎಂದು ತಾಯಿ ತೀರ್ಮಾನ ಮಾಡಿಕೊಂಡಳು. ಎಡಗಾಲಪ್ಪ ಡಬ್ಬಿಯ ಮುಚ್ಚಳ ತೆಗೆಯುತ್ತ ಕೇಳಿಸಿಕೊಂಡ.

ಹೀಗಿರುವಾಗ ಎಡಚಿಗೆ ಕೆಲಸ ಸಿಕ್ಕಿತು. ದೂರದ ಬಂಡೆಯ ಮೇಲೆ ಒಂದು ದೀಪದ ಗೋಪುರ. ದೋಣಿಗಳು ಮಂಜಿನಲ್ಲಿ ದಾರಿ ತಪ್ಪಿ ಆಚಿಗೆ ತೇಲಿಹೋಗದಿರಲೆಂದು ಅದರ ದೀಪ ಆಚಿನತ್ತಲೂ ಬೆಳಗುತ್ತದೆ. ಅಲ್ಲಿ ಕಾವಲಿರುವವರಿಗೆ ತಿಂಗಳುಗಟ್ಟಲೆ ಊರಿನ ಮುಖವಿಲ್ಲ. ಎಡಚಿ ಚಿಕ್ಕಂದಿನಿಂದ ಕನಸು ಕಂಡಿದ್ದ ಕೆಲಸ ಅದು. ಕುಣಿದಾಡಿಬಿಟ್ಟಳು.

"ಊಟ?" ಎಂದಳು ತಾಯಿ.

"ಅಲ್ಲೇನು ಕಲ್ಲು ತಿಂತಾರಾ? ಬೇಯಿಸ್ಕೊಂಡು ತಿಂತೀನಿ."

"ಅಪ್ಪನ ಕೈಯೂಟ ಬಿಟ್ರೆ ಬೇರೆ ಯಾವುದೂ ನಿನಗೆ ಹತ್ತಲ್ಲ. ಸತ್ತೋಗ್ತೀಯಾ."

"ಹೋಗ್ದಿದ್ರೂ ಸತ್ತೋಗ್ತೀನಿ" ಎಂದು ಮಗಳು ನೆಲದ ಬಾಗಿಲು ಎತ್ತಿ ಕೆಳಗಿಳಿದಳು. ಸ್ವಲ್ಪ ಹೊತ್ತಿನಲ್ಲಿ ಸೂರಿನ ಬಾಗಿಲಿನಿಂದ ಅವಳ ಕಾಲು ಕಾಣಿಸಿತು, ಮತ್ತೆ ಅದೇ ಸಿಟ್ಟಿನಲ್ಲಿ ನೆಲದ ಬಾಗಿಲಿಗೆ ಇಳಿದಳು. ಇನ್ನೊಂದು ಹೊತ್ತಾಗಿದ್ದರೆ ಮೂವರೂ ನಗುತ್ತಿದ್ದರು.

ಎರಡು ದಿನ ಹೆಂಡತಿ ಬಂದರಿನಿಂದ ತಡವಾಗಿ ಬಂದಳು. ಮೂರನೆಯ ದಿನ ಬೆಳಿಗ್ಗೆ ಎಡಗಾಲಪ್ಪ ತನ್ನ ಒಲೆಯ ಮುಂದೆ ತರಕಾರಿ ಹೆಚ್ಚುತ್ತಿದ್ದಾಗ ಬಂದು ನಿಂತಳು. ರಾತ್ರಿಯೆಲ್ಲ ಅತ್ತು ಮುಖ ತೊಳೆದುಕೊಂಡು ಬಂದಿದ್ದಳು.

"ರೀ, ನಾನೊಂದು ಯೋಚನೆ ಮಾಡಿದ್ದೀನಿ. ಬೇಡ ಅನ್ಬಾರದು."

"ಹೇಳು."

"ನೀವೂ ಅವಳ ಜೊತೆ ಹೋಗಿ. ಇಬ್ಬರಿಗೂ ಅಲ್ಲಿ ಜಾಗ ಇದೆಯಂತೆ, ವಿಚಾರಿಸಿದ್ದೀನಿ. ನಾನು ಇಲ್ಲಿ ಒಬ್ಬಳೇ ಹೇಗೋ ಇರ್ತೀನಿ, ಊಟದ ಮನೆ ಇದೆಯಲ್ಲ. ಅವಳು ಹುಟ್ಟಿದಾಗಿಂದ ನನ್ನ ಕೈಯಿಂದ ಅವಳಿಗೆ ಒಳ್ಳೇದಾಗಿಲ್ಲ. ಇದೊಂದಾದ್ರೂ ಆಗಲಿ."

ಚಾಕು ಕೈಯಲ್ಲೇ ನಿಂತಿತು. ಇಷ್ಟು ವರ್ಷ ಅವನು ಅವಳಿಂದ ಮಗಳ ಬಾಯಿಯನ್ನು ಕಸಿದುಕೊಂಡಿದ್ದ. ಈಗ ಅವಳು ಗಂಡನನ್ನೂ ಮನೆಯನ್ನೂ ಮಗಳ ಮುಖವನ್ನೂ ತಾನಾಗಿಯೇ ಗುಡಿಸಿ ಅವನ ಸುಳ್ಳಿನ ಮುಂದೆ ಸುರಿಯುತ್ತಿದ್ದಳು. ಅದೂ ಕೈಮುಗಿದು ಬೇಡಿಕೊಂಡು. ಹೂಂ ಎಂದುಬಿಟ್ಟರೆ ದೀಪದ ಗೋಪುರಕ್ಕೆ ಒಂದು ಸಣ್ಣ ಹೊರಳು ಹೊತ್ತುಕೊಂಡು ಹೋಗಿ ಸಾಯುವವರೆಗೂ ಚಿನ್ನದಂಥ ಅಪ್ಪನಾಗಿಯೇ ಇರಬಹುದಿತ್ತು. ಆ ಯೋಚನೆ ಅವನ ತಲೆಯಲ್ಲಿ ಹಾದುಹೋಯಿತು. ಹಾದುಹೋದದ್ದಕ್ಕೇ ಅವನಿಗೆ ತನ್ನ ಮೇಲೆ ಹೇಸಿಗೆ ಹುಟ್ಟಿತು.

"ನಿನ್ನ ಕೈದೇನೂ ತಪ್ಪಿಲ್ಲ" ಎಂದ. ಆಮೇಲೆ ಎಲ್ಲವನ್ನೂ ಹೇಳಿದ. ತೊಟ್ಟಿಲು, ಗುಂಡಿ, ಡಾಕ್ಟರಮ್ಮ, ಬಾಟಲಿ, ಡಬ್ಬಿ. ಮಧ್ಯೆ ಮಧ್ಯೆ ತನ್ನ ಭಯದ ಕಥೆ ಹೇಳಲು ನೋಡಿದ. ಅದು ಅವನ ಕಿವಿಗೇ ನೆಪದಂತೆ ಕೇಳಿಸಿ ಬಿಟ್ಟುಬಿಟ್ಟ.

ಅವಳು ಕೂಗಾಡಲಿಲ್ಲ. ಒಲೆಯ ಮೇಲಿದ್ದದ್ದು ಸೀಯುವ ವಾಸನೆ ಬಂತು. ಬೆನ್ನು ತಿರುಗಿಸಿ ಅದನ್ನು ಕೆಳಗಿಳಿಸಿದಳು. ಹಾಗೇ ಬೆನ್ನು ತಿರುಗಿಸಿಕೊಂಡೇ ಒಂದೇ ಒಂದು ಪ್ರಶ್ನೆ ಕೇಳಿದಳು.

"ಎದೆ ಕಟ್ಕೊಂಡು ನೋವು ತಡೀಲಾರದೆ ಬಚ್ಚಲಲ್ಲಿ ಕೂತು ಹಾಲು ಹಿಂಡಿ ಚೆಲ್ತಿದ್ನಲ್ಲ. ನೀವು ಬಂದು ನೀರು ಹುಯ್ದು ತೊಳೀತಿದ್ರಲ್ಲ. ಆಗ ನಿಮಗೆ ಗೊತ್ತಿತ್ತಾ?"

"ಗೊತ್ತಿತ್ತು."

"ಆ ಹಾಲನ್ನೇ ಒಯ್ದು ತಿರುಗಿಸಿದ್ರೆ ಅವಳು ಕುಡೀತಿದ್ಲಾ?"

ಕುಡಿಯುತ್ತಿದ್ದಳು. ಹಾಲಿನವಳ ಹಾಲಿಗೆ ಹೋದ ದಾರಿಯಲ್ಲಿ ತಾಯಿಯ ಹಾಲಿಗೂ ಹೋಗಬಹುದಿತ್ತು. ಹೆಂಡತಿಯ ಹತ್ತಿರ ಕೇಳಬೇಕಾಗುತ್ತಿತ್ತು, ಯಾಕೆಂದು ಹೇಳಬೇಕಾಗುತ್ತಿತ್ತು, ಅದಕ್ಕೇ ಕೇಳಿರಲಿಲ್ಲ. ಇದನ್ನೆಲ್ಲ ಹೇಳುವ ಬದಲು ಎಡಗಾಲಪ್ಪ ಎದ್ದು ಅವಳ ಬೆನ್ನ ಹಿಂದಿನ ಬಾಗಿಲಿನಿಂದ ಹೊರಗೆ ನಡೆದ. ಎಲ್ಲಿಗಾದರೂ ಹೋಗಬೇಕಿತ್ತು ಅವನಿಗೆ. ಕೋಣೆ ದಾಟಿದ, ಇನ್ನೊಂದು ದಾಟಿದ, ಮತ್ತೊಂದು ದಾಟಿದ, ನಾಲ್ಕನೆಯ ಬಾಗಿಲು ತೆರೆದರೆ ಅಡುಗೆಮನೆ. ಈಗ ಅವಳ ಬೆನ್ನಲ್ಲ, ಮುಖ. ಸೆರಗನ್ನು ಬಾಯಿಗೆ ತುರುಕಿಕೊಂಡು ಅವಳು ಅಳುತ್ತಿದ್ದಳು. ಅವನು ಅಲ್ಲೇ ನಿಂತ. ಓಡಿಹೋಗಲು ಬೇರೆ ಮನೆಯಿರಲಿಲ್ಲ.

ಅವಳು ಕಣ್ಣೊರೆಸಿಕೊಂಡು, "ಅವಳಿಗೂ ನೀವೇ ಹೇಳ್ಬೇಕು. ನಾನು ಹೇಳಲ್ಲ" ಎಂದಳು.

ಎಡಚಿ ಕೇಳಿ ಮೊದಲು ನಕ್ಕುಬಿಟ್ಟಳು. "ಅಂದ್ರೆ ನಾನೂ ನೀನು ತಿರುಗಿಸಿದ ಬೂಟಾ?" ಎಂದಳು. ಆಮೇಲೆ ತಾಯಿಯ ಮುಖ ನೋಡಿದಳು, ನಗು ಇಂಗಿತು. "ಚಿಕ್ಕಮ್ಮನ ಮನೆಯಿಂದ ನಾನು ಬಂದಾಗ ಅಮ್ಮ ನನ್ನ ತಲೆ ಬಾಚೋಕೂ ಹೆದರ್ತಿದ್ಲು ಅಪ್ಪ. ತನ್ನ ಕೈ ಸೋಕಿದ್ರೆ ಏನಾಗುತ್ತೋ ಅಂತ. ನೀನು ನೋಡ್ತಿದ್ದೆ." ಅವನು ಹೌದೆಂದ. ಅವಳು ಅಪ್ಪನನ್ನು ಬೈಯಲಿಲ್ಲ. ಬೈದಿದ್ದರೆ ಅವನಿಗೆ ಎಷ್ಟೋ ಹಗುರವಾಗುತ್ತಿತ್ತು.

ಹೊರಳಿನ ಹಿರಿಯರು ಬಂದರಿನ ಹಿಂದಿನ ಉದ್ದನೆಯ ಕೋಣೆಯಲ್ಲಿ ಕೂರುತ್ತಾರೆ. ಎಡಗಾಲಪ್ಪ ಅವರ ಮುಂದೆ ನಿಂತು ಹೇಳಿದ. ಬೈಗುಳಕ್ಕೆ ಮೈ ಗಟ್ಟಿ ಮಾಡಿಕೊಂಡು ಹೋಗಿದ್ದ. ಇದ್ದವರಲ್ಲಿ ಎಲ್ಲರಿಗಿಂತ ಮುದುಕಿ, ಹಲ್ಲಿಲ್ಲದ ಹಿರಿಯಳು, ಅವನನ್ನೇ ನೋಡುತ್ತ ಕೇಳಿಸಿಕೊಂಡಳು.

"ಅಲ್ಲಯ್ಯಾ, ಮಕ್ಕಳು ಹೊರಳಿಗೆ ಬೀಳೋದು ನಮಗೇನು ಹೊಸದಾ? ಆಡ್ತಾ ಆಡ್ತಾ ಬೀಳ್ತಾವೆ. ತಾಯಿ ತಂದೆ ಅಳ್ತಾ ಎತ್ಕೊಂಡು ಬರ್ತಾರೆ, ನಾವು ಪಟ್ಟಿ ಬಿಗಿದು ತಿರುಗಿಸಿ ಕೊಡ್ತೀವಿ. ಕೂಸುಗಳಿಗೇ ಅಂತ ಸಣ್ಣ ಪಟ್ಟಿ ಮಾಡಿಸಿಟ್ಟಿದ್ದೀವಿ. ಅವತ್ತೇ ಬಂದಿದ್ರೆ ಅವತ್ತೇ ಮುಗೀತಿತ್ತು. ನಿನ್ನ ಕೈಯಿಂದ ಹಿಡಿ ಕಿತ್ಕೋತಿದ್ವಿ, ಅದು ನಿಜ. ಬೂಟು ಹೊಲಿಯೋದನ್ನ ಯಾರು ಬೇಡ ಅಂತಿದ್ರು?"

ಗೋಡೆಯ ಮೇಲೆ, ಬಕಲಿನಿಂದ ತೂಗುಹಾಕಿದ ಒಂದು ಗೇಣುದ್ದದ ಚರ್ಮದ ಪಟ್ಟಿಗಳಿದ್ದವು. ಆ ಹೊಲಿಗೆ ಅವನಿಗೆ ಗುರುತು ಸಿಕ್ಕಿತು. ಅವನ ಕಾರ್ಖಾನೆಯಲ್ಲೇ ಹೊಲಿದವು. ಯಾತಕ್ಕೆ ಎಂದು ಅವನು ಯಾವತ್ತೂ ಕೇಳಿರಲಿಲ್ಲ. ಇಷ್ಟು ವರ್ಷ ತನ್ನ ಭಯಕ್ಕೆ ಒಂದು ಕಾರಣವಾದರೂ ಇತ್ತು ಎಂದುಕೊಂಡಿದ್ದ. ಅದೂ ಕಾಲಡಿಯಿಂದ ಜಾರಿತು.

ಎಡಚಿಯನ್ನು ದೊಡ್ಡ ಹೊರಳಿನಲ್ಲಿ ಕೂರಿಸಿ ಪಟ್ಟಿ ಬಿಗಿದು ಬೇರೆಯವರು ತಿರುಗಿಸಿದರು. ತಾಯಿ ಕಣ್ಣು ಮುಚ್ಚಿಕೊಂಡಿದ್ದಳು. ಎಡಗಾಲಪ್ಪನನ್ನು ಬಾಗಿಲಾಚೆ ನಿಲ್ಲಿಸಿದ್ದರು. ಮಗಳು ವಾಪಸು ಬಂದು ಸುತ್ತ ನೋಡಿ, "ಅಯ್ಯೋ, ಎಲ್ಲ ಉಲ್ಟಾ ಆಗೋಗಿದೆ" ಎಂದಳು. ತಾಯಿಯ ಮುಖವನ್ನು ಎರಡೂ ಕೈಯಲ್ಲಿ ಹಿಡಿದು, ಅಂಗಡಿಯಲ್ಲಿ ಹೊಸ ಪಾತ್ರೆ ನೋಡುವ ಹಾಗೆ ತಿರುಗಿಸಿ ತಿರುಗಿಸಿ ನೋಡಿದಳು. ಬೀದಿಯ ಹೆಸರು ಓದಲಾಗಲಿಲ್ಲ. ಮನೆಗೆ ಬಂದು ಬಾಗಿಲೆಂದುಕೊಂಡು ಗೋಡೆಗೆ ಹಣೆ ಜಜ್ಜಿಕೊಂಡಳು.

ಹೆಂಡತಿ ಅಡುಗೆಗೆ ಇಟ್ಟಳು. ನೂರು ಜನಕ್ಕೆ ಕಣ್ಣು ಮುಚ್ಚಿ ಬೇಯಿಸುವವಳು ಅವತ್ತು ಒಂದು ಪಾತ್ರೆ ಗಂಜಿಗೆ ಉಪ್ಪು ಸಾಕೋ ಬೇಕೋ ಎಂದು ಮೂರು ಸಲ ನಾಲಿಗೆಗೆ ಹಚ್ಚಿ ನೋಡಿದಳು. ಮಗಳಿಗೆ ತಾನೇ ತಿನ್ನಲು ಬಾರದೆಂದಲ್ಲ. ಆದರೂ ಎದುರು ಕೂತು ಒಂದೊಂದೇ ಚಮಚ ಬಾಯಿಗಿಟ್ಟಳು. ಎಡಚಿಯಂಥ ಬಾಯಿಬಡುಕಿ ಏನೂ ಹೇಳದೆ ಬಾಯಿ ತೆರೆದಳು. ಉಂಡಾದ ಮೇಲೆ ತಾಯಿ ಅಲ್ಲಿಂದ ಏಳಲಿಲ್ಲ. ಕಕ್ಕುತ್ತಾಳೇನೋ, ಹೊಟ್ಟೆ ಹಿಡಿದುಕೊಳ್ಳುತ್ತಾಳೇನೋ ಎಂದು ಬಿಸಿಲು ಕಿಟಕಿ ದಾಟುವವರೆಗೂ ಕಾದಳು. ಕೊನೆಗೆ ಮಗಳು, "ಅಮ್ಮಾ, ಹಸಿವು. ಇನ್ನೂ ಇದೆಯಾ?" ಎಂದಾಗ ಪಾತ್ರೆಯತ್ತ ಓಡಿದಳು. ಎಡಗಾಲಪ್ಪ ಹೊಸ್ತಿಲಾಚೆ ನಿಂತು ಇದನ್ನೆಲ್ಲ ನೋಡಿದ. ಅವನನ್ನು ಯಾರೂ ಒಳಗೆ ಬಾ ಎನ್ನಲಿಲ್ಲ, ಹೊರಗಿರು ಎಂದೂ ಹೇಳಲಿಲ್ಲ.

ಊರಿಗೆಲ್ಲ ಸುದ್ದಿಯಾಯಿತು. ಗಡಿಯಾರದವನ ಹೆಂಡತಿ ಅವನನ್ನು ಕಂಡರೆ ಕಿಟಕಿ ಮುಚ್ಚತೊಡಗಿದಳು. ಅವನು ಈಗಲೂ ಬೂಟು ಹೊಲಿಯುತ್ತಿದ್ದ. ತಿರುಗಿಸಲಿಕ್ಕೆ ಬೇರೊಬ್ಬನ ಕೈಗೆ ಕೊಡುತ್ತಿದ್ದ. ಮನೆಯಲ್ಲಿ ಒಂದೇ ಒಲೆ ಉರಿಯುತ್ತಿತ್ತು. ಹೆಂಡತಿ ಅವನಿಗೂ ಬಡಿಸುತ್ತಿದ್ದಳು, ಬೇಕಾ ಎಂದೂ ಕೇಳುತ್ತಿದ್ದಳು. ಅದಕ್ಕಿಂತ ಹೆಚ್ಚಿನ ಮಾತು ಇರಲಿಲ್ಲ. ಮಗಳ ಕೆನ್ನೆ ತುಂಬುತ್ತ ಬಂತು. ಬಲಗೈಯಲ್ಲಿ ದೀಪ ಹಚ್ಚುವುದನ್ನೂ, ಓದುವುದನ್ನೂ ಮೊದಲಿನಿಂದ ಕಲಿತಳು. ಗೋಪುರದವರು ಅವಳಿಗಾಗಿ ಕಾದರು.

ಅವಳು ಹೊರಡುವ ದಿನ ದೋಣಿಗೆ ಎರಡು ಪೆಟ್ಟಿಗೆ ಬಂದಿದ್ದವು. ಎರಡನ್ನೂ ಹೊತ್ತು ತಂದವನು ಎಡಗಾಲಪ್ಪನೇ. ಒಂದು ಮಗಳದು. ಇನ್ನೊಂದು ಯಾರದೆಂದು ದಾರಿಯುದ್ದಕ್ಕೂ ಅವನಿಗೆ ಗೊತ್ತಿತ್ತು, ಆದರೂ ಕಟ್ಟೆಯ ಮೇಲೆ ಇಳಿಸಿ ಹೆಂಡತಿಯ ಮುಖ ನೋಡಿದ.

"ಅವಳ ಜೊತೆ ನಾನೂ ಹೋಗ್ತಿದ್ದೀನಿ" ಎಂದಳು ಅವಳು. "ಸ್ವಲ್ಪ ಕಾಲ ನನ್ನ ಕೈಯೂಟ ತಿನ್ನಲಿ."

"ಹೋಗು" ಎಂದ ಅವನು. ಬೇಡವೆನ್ನಲು ಅವನಿಗೆ ಯಾವ ಬಾಯಿ ಇತ್ತು? ದೋಣಿಯವನು ಹಗ್ಗದ ಕೊಕ್ಕೆ ಬಿಡಿಸಿದ. ಮಗಳು ಮೊದಲು ಹತ್ತಿದಳು, ತಾಯಿಗೆ ಕೈ ಕೊಟ್ಟಳು. ಅವಳು ಹತ್ತಿ ಕೂತು ಸೆರಗು ಸರಿಮಾಡಿಕೊಂಡಳು.

"ಯಾವಾಗ ಬರ್ತೀಯ?" ಎಂದು ಎಡಗಾಲಪ್ಪ ಕೇಳಿದ. ಕೇಳಬಾರದೆಂದು ಮನೆಯಿಂದಲೇ ನಿಶ್ಚಯ ಮಾಡಿಕೊಂಡು ಬಂದಿದ್ದ.

ಅವಳು ಅವತ್ತು ಮೊದಲ ಸಲ ಅವನ ಕಣ್ಣಿಗೆ ಕಣ್ಣು ಕೊಟ್ಟು ನೋಡಿದಳು. ಅದರಲ್ಲಿ ಸಿಟ್ಟಿರಲಿಲ್ಲ.

"ನನಗೇ ಗೊತ್ತಿಲ್ಲ" ಎಂದಳು. "ಗೊತ್ತಾದ ದಿನಾನೇ ಹೇಳ್ತೀನಿ. ನಾನು ಮುಚ್ಚಿಡೋಳಲ್ಲ."

ದೋಣಿ ಹೊರಟಿತು. ಎಡಗಾಲಪ್ಪ ಅದು ಕಾಣದಾಗುವವರೆಗೂ ನಿಂತಿದ್ದು, ಆಮೇಲೆ ಕೆಲಸಕ್ಕೆ ಹೋದ.